ಹುಳಕ್ಕೂ ಒಂದು ಮನೆತನ

ನಮ್ಮ ಬಳ್ಳಾರಿ ಸೀಮೆಯಲ್ಲಿ ಹೊಸಬರು ಮನೆಗೆ ಬಂದರೆ ಹಿರಿಯರು ಮೊದಲು ಕೇಳುವ ಮಾತು ‘ಯಾರ ಪೈಕಿ?’ ಎಂದು. ಊರು, ಮನೆತನ ಗೊತ್ತಾದ ಮೇಲೆಯೇ ಚಹಾ, ಮಾತು, ನಗು. ಮನೆತನ ತಿಳಿದರೆ ಮನುಷ್ಯ ಅರ್ಧ ತಿಳಿದಂತೆ ಎಂಬುದು ಅವರ ಲೆಕ್ಕ. ಉಳಿದರ್ಧವನ್ನು ಆ ಮನುಷ್ಯನನ್ನೇ ನೋಡಿ ತಿಳಿಯಬೇಕು. ಒಂದೇ ಮನೆತನದಲ್ಲಿ ಊರಿಗೆ ಅನ್ನ ಹಾಕಿದವರೂ ಇರುತ್ತಾರೆ, ಊರ ಸಾಲ ಮುಳುಗಿಸಿದವರೂ ಇರುತ್ತಾರೆ.

ಈ ಲೆಕ್ಕ ಹುಳಗಳಿಗೂ ಸಲ್ಲುತ್ತದೆ ಎಂದು ನನಗೆ ತಿಳಿದದ್ದು ಈ ಸಲದ ದಸರಾ ರಜೆಯಲ್ಲಿ. ನಾನು ಹೈಸ್ಕೂಲಿನಲ್ಲಿ ಕನ್ನಡ ಪಾಠ ಹೇಳಿ ನಿವೃತ್ತನಾದವನು. ಸಂಧಿ, ಸಮಾಸ ಬಿಡಿಸುವುದು ಬಿಟ್ಟರೆ ಹುಳಹುಪ್ಪಟೆಯ ಗೊಡವೆಗೆ ಹೋದವನಲ್ಲ. ಆದರೆ ಏಳನೇ ತರಗತಿಯ ಮೊಮ್ಮಗಳು ಮೊಬೈಲ್ ಹಿಡಿದು ಬಂದು, ‘ತಾತ, ರೆಡುವಿಡ್ ಅಂದ್ರ ಏನು?’ ಎಂದು ಕೇಳಿದಾಗ ಬಿಡುವ ಹಾಗಿರಲಿಲ್ಲ.

ಯಾರೋ ಯಾರಿಗೋ ಕಳಿಸಿ, ಅವರು ಮತ್ತಾರಿಗೋ ಕಳಿಸಿ, ನಮ್ಮ ಓಣಿಯ ಗುಂಪಿಗೆ ಬಂದ ಸಂದೇಶವದು. ಕಪ್ಪು-ಕೆಂಪು ಬಣ್ಣದ ಒಂದು ಹುಳದ ಚಿತ್ರ. ಅದರ ಕೆಳಗೆ, ಇದರ ಹೆಸರು ರೆಡುವಿಡ್, ಇದು ಹಂತಕ ತಿಗಣೆ, ಕಚ್ಚಿದರೆ ಹೃದಯ ಕೆಟ್ಟು ಸಾಯುತ್ತಾರೆ, ಕಂಡಲ್ಲಿ ಕೊಲ್ಲಿ, ಹತ್ತು ಜನರಿಗೆ ಕಳಿಸಿ ಎಂಬ ಒಕ್ಕಣೆ. ಸಂಜೆಯಾಗುವಷ್ಟರಲ್ಲಿ ಓಣಿಯ ಹುಡುಗರು ಬೀದಿದೀಪದ ಕೆಳಗೆ ಚಪ್ಪಲಿ ಹಿಡಿದು ನಿಂತಿದ್ದರು. ಹಾರಿ ಬಂದದ್ದೆಲ್ಲ ಹಂತಕನೇ. ಪಕ್ಕದ ಮನೆಯ ಅಜ್ಜಿ ಮಾಳಿಗೆ ಮೇಲೆ ಮಲಗುವುದನ್ನು ಬಿಟ್ಟು ಒಳಗೆ ಸೆಕೆಯಲ್ಲಿ ಹೊರಳಾಡಿದರು.

ರಾತ್ರಿ ಕುರುಗೋಡಿನಿಂದ ನನ್ನ ಭಾವಮೈದನ ಫೋನ್. ‘ಭಾವ, ಆ ಫೋಟೊದಾಗಿನ ಹುಳ ನಮ್ಮ ಹತ್ತಿ ಹೊಲದಾಗ ಐತಿ. ಹತ್ತಿ ಬಿಡಿಸಾಕ ಬರೋ ಹೆಣ್ಣುಮಕ್ಕಳು ಹೆದರ್ಯಾರ. ನಾಳಿಗೇ ಎಣ್ಣಿ ಹೊಡಸ್ತೀನಿ.’ ನಮ್ಮ ಕಡೆ ಕೀಟನಾಶಕ ಸಿಂಪಡಿಸುವುದಕ್ಕೆ ಎಣ್ಣೆ ಹೊಡೆಯುವುದು ಎನ್ನುತ್ತಾರೆ. ಎಣ್ಣೆ ಎಂದರೆ ಸಾವಿರಾರು ರೂಪಾಯಿಯ ಮಾತು. ಅದೂ ಸಾಲ ತಂದು. ‘ಭಾನುವಾರದ ತನಕ ತಡಿಯಪ್ಪ, ನಾವೂ ಬಂದು ನೋಡ್ತೀವಿ’ ಎಂದೆ. ಒಪ್ಪಿದ. ನಾಲ್ಕು ದಿನ ಸಿಕ್ಕಿತು.

ನಾನೂ ಮೊಮ್ಮಗಳೂ ಪುಸ್ತಕಗಳನ್ನು ಹರಡಿಕೊಂಡು ಕುಳಿತೆವು. ನನಗೆ ಗೊತ್ತಿದ್ದ ದಾರಿ ಒಂದೇ, ಪದ ಬಿಡಿಸುವುದು.

ಲ್ಯಾಟಿನ್ ಭಾಷೆಯಲ್ಲಿ ‘ರೆಡುವಿಯಾ’ ಎಂಬ ಪದವಿದೆ. ಉಗುರಿನ ಪಕ್ಕದಲ್ಲಿ ಸುಲಿದು ಎದ್ದು ನಿಂತು, ಬಟ್ಟೆಗೆ ತಾಕಿದರೂ ಚುರ್ ಎನ್ನಿಸುವ ಚರ್ಮದ ಎಳೆ ಇರುತ್ತದಲ್ಲ, ಅದಕ್ಕೆ ಆ ಹೆಸರು. ಸುಲಿದು ಉಳಿದ ಚೂರುಪಾರು ಎಂಬ ಅರ್ಥವೂ ಅದಕ್ಕಿದೆ. ಹಾವು, ಹುಳಗಳು ಕಳಚಿಟ್ಟ ಪೊರೆಗೆ ಜೀವವಿಜ್ಞಾನಿಗಳು ‘ಎಕ್ಸುವಿಯೆ’ ಎನ್ನುತ್ತಾರೆ. ಎರಡೂ ಒಂದೇ ಬೇರಿನ ಪದಗಳು. 1775ರಲ್ಲಿ ಡೆನ್ಮಾರ್ಕಿನ ಕೀಟ ವಿಜ್ಞಾನಿ ಫ್ಯಾಬ್ರಿಷಿಯಸ್ ಕೆಲವು ತಿಗಣೆಗಳನ್ನು ಬೇರೆ ಮಾಡಿ, ಆ ಗುಂಪಿಗೆ ‘ರೆಡುವಿಯಸ್’ ಎಂದು ಹೆಸರಿಟ್ಟ.

ಆ ಗುಂಪಿನ ಒಂದು ಹುಳಕ್ಕೆ ಫ್ಯಾಬ್ರಿಷಿಯಸ್‌ನ ಗುರು ಲಿನೇಯಸ್ 1758ರಲ್ಲೇ ಹೆಸರಿಟ್ಟಿದ್ದ, ‘ಸೈಮೆಕ್ಸ್ ಪರ್ಸೊನೇಟಸ್’ ಎಂದು. ಸೈಮೆಕ್ಸ್ ಎಂದರೆ ಹಾಸಿಗೆಯ ತಿಗಣೆ. ಪರ್ಸೊನೇಟಸ್ ಎಂದರೆ ಮುಖವಾಡ ಹಾಕಿಕೊಂಡದ್ದು. ಈ ಹುಳದ ಮರಿಯ ಮೈಮೇಲೆ ಅಂಟಂಟಾದ ಕೂದಲಿರುತ್ತವೆ. ಮನೆಯ ಮೂಲೆಯ ಧೂಳು, ನೂಲು, ಮರಳು ಎಲ್ಲವನ್ನೂ ಮೈಗೆ ಮೆತ್ತಿಕೊಂಡು, ನಡೆದಾಡುವ ಕಸದ ಉಂಡೆಯಂತೆ ಇರುತ್ತದೆ. ಬಯಲಾಟದವರು ಚೌಕಿಯಲ್ಲಿ ಬಣ್ಣ ಬಳಿದುಕೊಂಡರೆ ಮನೆಯವರಿಗೇ ಗುರುತು ಸಿಗುವುದಿಲ್ಲವಲ್ಲ, ಹಾಗೆ. ಈಗ ಅದರ ಹೆಸರು ರೆಡುವಿಯಸ್ ಪರ್ಸೊನೇಟಸ್. ಯುರೋಪಿನ ಮನೆಗಳಲ್ಲಿ ಸೇರಿಕೊಳ್ಳುವ ಈ ವೇಷಧಾರಿಗೆ ಹಾಸಿಗೆಯ ತಿಗಣೆಯೂ ಆಹಾರ. ತಿಗಣೆ ಎಂದು ಕರೆಸಿಕೊಂಡದ್ದೇ ತಿಗಣೆಯನ್ನು ಹಿಡಿದು ತಿನ್ನುತ್ತದೆ! ಇದನ್ನು ಕೇಳಿ ಮೊಮ್ಮಗಳು ಬಿದ್ದು ಬಿದ್ದು ನಕ್ಕಳು.

ರೆಡುವಿಯಸ್ ಆಯಿತು. ರೆಡುವಿಡ್ ಎಲ್ಲಿಂದ ಬಂತು?

ಗ್ರೀಕ್ ಭಾಷೆಯಲ್ಲಿ ಇಂಥವನ ಮಗ, ಇಂಥವನ ವಂಶದವನು ಎನ್ನಲು ಹೆಸರಿನ ಕೊನೆಗೆ ಒಂದು ಪ್ರತ್ಯಯ ಸೇರಿಸುತ್ತಾರೆ. ಅದೇ ಲ್ಯಾಟಿನ್ ರೂಪ ತಾಳಿ ‘ಇಡೀ’ ಆಗಿದೆ. ಪ್ರಾಣಿಶಾಸ್ತ್ರದಲ್ಲಿ ಪ್ರತಿ ಕುಟುಂಬದ ಹೆಸರೂ ಹೀಗೇ ಮುಗಿಯಬೇಕೆಂಬುದು ನಿಯಮ. ಬೆಕ್ಕು, ಹುಲಿಗಳ ಕುಟುಂಬ ಫೆಲಿಡೀ, ನಾಯಿ, ನರಿಗಳದು ಕ್ಯಾನಿಡೀ, ಸೊಳ್ಳೆಗಳದು ಕ್ಯುಲಿಸಿಡೀ. ಇದು ನಮಗೆ ಹೊಸದೇನಲ್ಲ. ಪಾಂಡುವಿನ ಮಕ್ಕಳು ಪಾಂಡವರು, ಕುರುವಂಶದವರು ಕೌರವರು, ರಘುವಿನ ವಂಶದವನು ರಾಘವ. ನಮ್ಮ ಊರಿನ ರಾಘವ ಕಲಾಮಂದಿರಕ್ಕೆ ನಾಟಕ ನೋಡಲು ಹೋಗುವಾಗ ಯಾರೂ ವ್ಯಾಕರಣ ನೆನೆಯುವುದಿಲ್ಲ. ಆದರೂ ಮಹಾನಟ ಬಳ್ಳಾರಿ ರಾಘವರ ಆ ಹೆಸರಿನಲ್ಲಿ ಒಂದು ವಂಶವೇ ಇದೆ.

‘ಹಂಗಾದ್ರ ರೆಡುವಿಯಸ್‌ನ ಮನೆತನದವರು ರೆಡುವಿಡೀ?’ ಎಂದಳು. ಅಲ್ಲೊಂದು ಸೂಕ್ಷ್ಮವಿದೆ. ಮೂಲ ‘ರೆಡುವಿ’, ಅದಕ್ಕೆ ‘ಇಡೀ’ ಸೇರಬೇಕು. ಇಂಗ್ಲಿಷಿನಲ್ಲಿ ಬರೆಯುವಾಗ ಎರಡು ‘ಐ’ ಅಕ್ಷರಗಳು ಅಕ್ಕಪಕ್ಕ ಬರುತ್ತವೆ. ಬಹಳ ಜನ ಒಂದನ್ನು ನುಂಗಿಬಿಡುತ್ತಾರೆ. ಕನ್ನಡದಲ್ಲಿ ಆ ತೊಂದರೆಯಿಲ್ಲ. ಎರಡು ಸ್ವರಗಳು ಎದುರಾದರೆ ನಡುವೆ ಯಕಾರ ಬಂದು ನಿಲ್ಲುತ್ತದೆ. ರೆಡುವಿ, ಇಡೀ, ಸೇರಿದರೆ ರೆಡುವಿಯಿಡೀ. ‘ಆಗಮ ಸಂಧಿ!’ ಎಂದು ಕೂಗಿದಳು. ಮೂವತ್ತು ವರ್ಷ ಈ ಸಂಧಿಯನ್ನು ಪಾಠ ಮಾಡಿದ್ದೇನೆ, ಒಂದು ಹುಳದ ಹೆಸರಿನಲ್ಲಿ ಸಿಕ್ಕಿದ್ದು ಇದೇ ಮೊದಲು.

ರೆಡುವಿಯಸ್ ಎಂದರೆ ಒಂದು ಗುಂಪು. ರೆಡುವಿಯಿಡೀ ಎಂದರೆ ಅಂಥ ಎಷ್ಟೋ ಗುಂಪುಗಳು ಸೇರಿದ ಇಡೀ ಮನೆತನ. ಆ ಮನೆತನದ ಯಾವುದೇ ಒಂದು ಹುಳವನ್ನು ಸುಮ್ಮನೆ ಕರೆಯುವ ಹೆಸರು ರೆಡುವಿಡ್. ಇಂಗ್ಲಿಷಿನಲ್ಲಿ ಕುಟುಂಬದ ಹೆಸರನ್ನು ದೊಡ್ಡಕ್ಷರದಿಂದ ಶುರು ಮಾಡುತ್ತಾರೆ, ಗುಂಪಿನ ಹೆಸರನ್ನು ಓರೆಯಾಗಿ ಅಚ್ಚು ಮಾಡುತ್ತಾರೆ, ರೆಡುವಿಡ್ ಎಂಬುದನ್ನು ಚಿಕ್ಕಕ್ಷರದಲ್ಲೇ ಬರೆಯುತ್ತಾರೆ. ಕನ್ನಡದಲ್ಲಿ ದೊಡ್ಡಕ್ಷರ, ಚಿಕ್ಕಕ್ಷರ ಇಲ್ಲ. ಹಾಗಾಗಿ ಪದದ ಬಾಲವನ್ನೇ ನೋಡಿ ಗುರುತಿಸಬೇಕು.

ಈ ಕುಟುಂಬಕ್ಕೆ 1807ರಲ್ಲಿ ಹೆಸರು ಕೊಟ್ಟವನು ಫ್ರಾನ್ಸಿನ ಲ್ಯಾಟ್ರೇಯ್. ಅವನ ಕಥೆಯನ್ನು ಮಕ್ಕಳಿಗೆ ಹೇಳಲೇಬೇಕು. ಅವನು ಪಾದ್ರಿ. ಫ್ರೆಂಚ್ ಮಹಾಕ್ರಾಂತಿಯ ಕಾಲದಲ್ಲಿ ಬೋರ್ಡೊ ಊರಿನ ಸೆರೆಮನೆಯಲ್ಲಿದ್ದ. ಸೆರೆಯಾಳುಗಳನ್ನು ನೋಡಲು ಬಂದ ವೈದ್ಯ, ಇವನು ನೆಲದ ಮೇಲಿನ ಒಂದು ಸಣ್ಣ ಜೀರುಂಡೆಯನ್ನು ತದೇಕಚಿತ್ತದಿಂದ ನೋಡುತ್ತಿದ್ದುದನ್ನು ಕಂಡ. ಇದು ಬಲು ಅಪರೂಪದ್ದು ಎಂದ ಲ್ಯಾಟ್ರೇಯ್. ವೈದ್ಯ ಅದನ್ನು ಒಯ್ದು ತನಗೆ ಪರಿಚಯವಿದ್ದ, ಹದಿಹರೆಯದ ಒಬ್ಬ ನಿಸರ್ಗಪ್ರೇಮಿ ಹುಡುಗನಿಗೆ ತೋರಿಸಿದ. ಹುಡುಗನಿಗೆ ಲ್ಯಾಟ್ರೇಯ್ ಎಂಬ ಹೆಸರು ಗೊತ್ತಿತ್ತು. ಅವನ ಕಡೆಯವರು ಓಡಾಡಿ ಬಿಡುಗಡೆ ಮಾಡಿಸಿದರು. ಜೊತೆಗಿದ್ದ ಸೆರೆಯಾಳುಗಳು ಉಳಿಯಲಿಲ್ಲ. ಹುಳವೊಂದರಿಂದ ಜೀವ ಉಳಿಸಿಕೊಂಡವನು ಮುಂದೆ ಹುಳಗಳ ಮನೆತನಗಳಿಗೆ ಹೆಸರು ಕೊಡುತ್ತ ಬಾಳಿದ.

ಈಗ ಸಂದೇಶದ ಮಾತಿಗೆ ಬರೋಣ. ಅದರಲ್ಲಿದ್ದ ಕಾಯಿಲೆ ಸುಳ್ಳಲ್ಲ. ಅದರ ಹೆಸರು ಶಾಗಸ್ ಕಾಯಿಲೆ. ಬ್ರೆಜಿಲ್ ದೇಶದ ವೈದ್ಯ ಕಾರ್ಲೋಸ್ ಶಾಗಸ್ ಅದನ್ನು 1909ರಲ್ಲಿ ಜಗತ್ತಿಗೆ ತಿಳಿಸಿದರು. ದಕ್ಷಿಣ ಅಮೆರಿಕದ ಮಣ್ಣಿನ ಗೋಡೆಗಳ ಬಿರುಕಿನಲ್ಲಿ ಇದ್ದು, ರಾತ್ರಿ ಮಲಗಿದವರ ಮುಖದಿಂದ ರಕ್ತ ಹೀರುವ ಒಂದು ಬಗೆಯ ತಿಗಣೆ ಅದನ್ನು ಹರಡುತ್ತದೆ. ಅದು ಕಚ್ಚಿದ್ದರಿಂದ ಬರುವುದಿಲ್ಲ. ಅದರ ಹಿಕ್ಕೆಯಲ್ಲಿರುವ ಸೂಕ್ಷ್ಮಜೀವಿ ಗಾಯಕ್ಕೋ ಕಣ್ಣಿಗೋ ಸೇರಿದರೆ ಬರುತ್ತದೆ. ಎಷ್ಟೋ ವರ್ಷಗಳ ಮೇಲೆ ಕೆಲವರ ಹೃದಯವನ್ನು ಕೆಡಿಸುತ್ತದೆ. ಚಾರ್ಲ್ಸ್ ಡಾರ್ವಿನ್ ಕೂಡ 1835ರ ಮಾರ್ಚಿನಲ್ಲಿ ಅರ್ಜೆಂಟೀನಾದ ಲುಹಾನ್ ಎಂಬ ಹಳ್ಳಿಯಲ್ಲಿ ಇಂಥ ತಿಗಣೆಗಳ ಕೈಗೆ ಸಿಕ್ಕಿ ಒದ್ದಾಡಿದ್ದನ್ನು ಬರೆದಿದ್ದಾನೆ.

ಆ ರಕ್ತ ಹೀರುವವೂ ರೆಡುವಿಯಿಡೀ ಮನೆತನದವೇ. ಆದ್ದರಿಂದ ಅಲ್ಲಿನ ವೈದ್ಯರ ಪುಸ್ತಕದಲ್ಲಿ ರೆಡುವಿಡ್ ಎಂದರೆ ಕಾಯಿಲೆ ತರುವ ಹುಳ. ಕೃಷಿ ಪುಸ್ತಕ ತೆರೆದರೆ ಅದೇ ರೆಡುವಿಡ್ ರೈತನ ಮಿತ್ರರ ಪಟ್ಟಿಯಲ್ಲಿದೆ. ವರ್ಗೀಕರಣದ ಪುಸ್ತಕದಲ್ಲಿ ಅದು ಮಿತ್ರನೂ ಅಲ್ಲ, ಶತ್ರುವೂ ಅಲ್ಲ, ಬರೀ ಒಂದು ಕುಟುಂಬ. ಪದ ಒಂದೇ, ಆಡುವವರು ಮೂರು ಬಗೆ. ಈ ಮನೆತನದಲ್ಲಿ ಜಗತ್ತಿನಾದ್ಯಂತ ಸುಮಾರು 7000 ಜಾತಿಗಳಿವೆ. ರಕ್ತ ಹೀರುವ ಉಪಕುಟುಂಬದಲ್ಲಿರುವುದು ಸುಮಾರು 150. ಅವುಗಳಲ್ಲಿ ಕೆಲವು ನಮ್ಮ ದೇಶದಲ್ಲೂ ಇವೆ, ಆದರೆ ಶಾಗಸ್ ಕಾಯಿಲೆ ಇಲ್ಲಿ ನೆಲೆಯೂರಿಲ್ಲ. ಉಳಿದವು ಬಹುಪಾಲು ಬೇರೆ ಹುಳಗಳನ್ನು ಹಿಡಿದು ತಿನ್ನುವಂಥವು. ಸಂದೇಶ ಬರೆದವರು ಒಬ್ಬರ ಚಿತ್ರ ಹಾಕಿ ಇನ್ನೊಬ್ಬರ ಅಪರಾಧವನ್ನು ಕೆಳಗೆ ಬರೆದಿದ್ದರು. ಮೊಮ್ಮಗಳು ಇದಿಷ್ಟನ್ನೂ ಐದು ಸಾಲಿನಲ್ಲಿ ಬರೆದು ಓಣಿಯ ಗುಂಪಿಗೆ ಕಳಿಸಿದಳು. ಪಕ್ಕದ ಮನೆಯ ಅಜ್ಜಿಗೆ ಓದಿಯೂ ಹೇಳಿದಳು. ಅವರು ಅಂದೇ ಚಾಪೆ ಸುತ್ತಿಕೊಂಡು ಮಾಳಿಗೆ ಹತ್ತಿದರು.

ಶನಿವಾರ ಸಿರುಗುಪ್ಪಕ್ಕೆ ಹೋದೆವು, ನನ್ನ ತಂಗಿಯ ಮನೆಗೆ. ತುಂಗಭದ್ರೆಯ ನೀರುಂಡ ಭತ್ತದ ಗದ್ದೆಗಳು ತೆನೆ ಬಿಟ್ಟು ನಿಂತಿದ್ದವು. ತಂಗಿಯ ಮಗ ಕೃಷಿಯ ವಿಚಾರದಲ್ಲಿ ತಿಳಿದವನು. ಊರಲ್ಲೇ ಇರುವ ಕೃಷಿ ಸಂಶೋಧನಾ ಕೇಂದ್ರದ ತರಬೇತಿಗಳಿಗೆ ಹೋಗಿ ಬಂದವನು. ‘ಮಾಮ, ತಿಗಣಿ ಅಂದ ಕೂಡ್ಲೇ ವೈರಿ ಅನಬ್ಯಾಡ್ರಿ’ ಎಂದು ಬದುವಿನ ಮೇಲೆ ಕರೆದೊಯ್ದ.

ಒಂದು ತೆನೆಯ ಮೇಲೆ ಉದ್ದನೆಯ ಹಸಿರು-ಕಂದು ಹುಳ ಕುಳಿತಿತ್ತು. ಹತ್ತಿರ ಹೋದರೆ ಕೆಟ್ಟ ವಾಸನೆ. ಅದು ಗಂಧಿ ಹುಳ, ಹಾಲುಗಾಳನ್ನು ಹೀರಿ ಜೊಳ್ಳು ಮಾಡುವುದು. ಅದೂ ತಿಗಣೆಯ ಜಾತಿಯೇ. ಬುಡದ ಹತ್ತಿರ ಕಂದು ಜಿಗಿಹುಳಗಳು, ಅವುಗಳ ಮೊಟ್ಟೆಗಳನ್ನು ಹುಡುಕಿ ಹೀರುವ ಪುಟಾಣಿ ಹಸಿರು ಮಿರಿಡ್ ತಿಗಣೆಗಳು. ಹೀರುವುದು ಇಬ್ಬರ ಕಸುಬೂ ಹೌದು. ಒಂದು ನಮ್ಮ ಅನ್ನ ಹೀರುತ್ತದೆ, ಇನ್ನೊಂದು ಅನ್ನ ಹೀರುವವರನ್ನು ಹೀರುತ್ತದೆ. ಕನ್ನಡದಲ್ಲಿ ತಿಗಣೆ ಎಂದರೆ ನಮಗೆಲ್ಲ ಹಾಸಿಗೆಯದೇ ನೆನಪು. ಆ ನೆನಪಿನ ಕೋಪ ಇವೆಲ್ಲವುಗಳ ಮೇಲೂ ಬೀಳುತ್ತದೆ.

‘ಹಂಗಾದ್ರ ಯಾರು ಯಾರು ಅಂತ ಗೊತ್ತು ಮಾಡ್ಕೊಳ್ಳೋದು ಹೆಂಗ, ಮಾಮ?’ ಎಂದು ಮೊಮ್ಮಗಳು ಕೇಳಿದಳು. ಅವನು ಭೂತಗನ್ನಡಿ ಕೊಟ್ಟು ಕೊಕ್ಕು ನೋಡಲು ಹೇಳಿದ. ಗಿಡದ ರಸ ಹೀರುವ ತಿಗಣೆಯ ಕೊಕ್ಕು ಸಣ್ಣಗೆ, ಉದ್ದಕ್ಕೆ, ಸೂಜಿಯಂತೆ ಎದೆಗೆ ಒರಗಿಕೊಂಡು ಇರುತ್ತದೆ. ರೆಡುವಿಡ್ ಬೇಟೆಗಾರನದು ಗಿಡ್ಡ, ದಪ್ಪ, ಕೊಕ್ಕೆಯಂತೆ ಬಾಗಿದ್ದು. ತಲೆ ಉದ್ದ, ಕಣ್ಣಿನ ಹಿಂದೆ ಕತ್ತಿನಂತೆ ಸಣ್ಣಗಾಗಿರುತ್ತದೆ. ಆ ಕೊಕ್ಕಿನ ತುದಿಯನ್ನು ಎದೆಯ ಕೆಳಗಿನ ಒಂದು ಗೀರಿನಲ್ಲಿ ಇಟ್ಟಿರುತ್ತದೆ. ಹಿಡಿದರೆ ಅಲ್ಲೇ ಉಜ್ಜಿ ಕಿರ್ ಎಂದು ಸದ್ದು ಮಾಡುತ್ತದೆ. ಬೇಟೆ ಸಿಕ್ಕಿದರೆ ಚುಚ್ಚಿ ಜೊಲ್ಲು ಬಿಡುತ್ತದೆ. ಆ ಜೊಲ್ಲಿಗೆ ಬೇಟೆ ಮರಗಟ್ಟುತ್ತದೆ, ಒಳಗಿನದು ಕರಗಿ ಗಂಜಿಯಾಗುತ್ತದೆ. ಆಮೇಲೆ ಹೀರುತ್ತದೆ. ಹಂತಕ ಎಂಬ ಹೆಸರು ಬಂದದ್ದು ಇದರಿಂದ.

ಹೆಸರು ಭಯಂಕರ, ಸಂಸಾರ ಹಾಗಲ್ಲ. ಆಫ್ರಿಕಾದಲ್ಲಿ ರೈನೊಕೋರಿಸ್ ಟ್ರಿಸ್ಟಿಸ್ ಎಂಬ ರೆಡುವಿಡ್ ಇದೆ. ಅದರಲ್ಲಿ ಮೊಟ್ಟೆ ಕಾಯುವುದು ಅಪ್ಪ. ಮೊಟ್ಟೆಗಳ ಹತ್ತಿರವೇ ನಿಂತು, ಪರಾವಲಂಬಿ ಕಣಜಗಳು ಬಂದರೆ ಅಟ್ಟುತ್ತದೆ. ಹಂತಕ ಎಂದು ಕರೆಸಿಕೊಂಡವನು ಮನೆಯಲ್ಲಿ ಕಾವಲುಗಾರ! ನಮ್ಮಲ್ಲಿಯೂ ಇವುಗಳನ್ನು ಶ್ರದ್ಧೆಯಿಂದ ನೋಡಿದವರಿದ್ದಾರೆ. ಬ್ರಿಟಿಷರ ಕಾಲದಲ್ಲಿ ಡಿಸ್ಟಂಟ್ ಎಂಬಾತ ಭಾರತದ ತಿಗಣೆಗಳನ್ನು ವಿವರಿಸಿ ಬರೆದ ಸಂಪುಟ 1904ರಲ್ಲಿ ಬಂತು. ತಮಿಳುನಾಡಿನ ಪಾಳಯಂಕೋಟೆಯ ಸೇಂಟ್ ಝೇವಿಯರ್ಸ್ ಕಾಲೇಜಿನ ಡನ್‌ಸ್ಟನ್ ಆಂಬ್ರೋಸ್ ವರ್ಷಗಟ್ಟಲೆ ಇವುಗಳನ್ನೇ ಅಭ್ಯಾಸ ಮಾಡಿ 1999ರಲ್ಲಿ ಒಂದು ದೊಡ್ಡ ಪುಸ್ತಕ ತಂದರು. ದಕ್ಷಿಣ ಭಾರತದ ಕುರುಚಲು ಕಾಡಿನ ಬಂಡೆಗಳ ಕೆಳಗೆ ಅಕ್ಯಾಂತಾಸ್ಪಿಸ್ ಎಂಬ ಗುಂಪಿನವು ಇರುತ್ತವೆ. ಇವುಗಳ ಮರಿಗಳೂ ಮೈಗೆ ಮಣ್ಣು, ತಿಂದುಳಿದ ಇರುವೆಗಳ ಸಿಪ್ಪೆ ಮೆತ್ತಿಕೊಳ್ಳುತ್ತವೆ. ಆ ಗುಂಪಿನ ಒಂದು ಜಾತಿಯ ಹೆಸರು ಅಕ್ಯಾಂತಾಸ್ಪಿಸ್ ಶಿವ. ಇದನ್ನು ಕೇಳಿದ ನನ್ನ ತಂಗಿ, ‘ಮೈಗೆಲ್ಲ ಬೂದಿ ಬಳಕೊಂಡವನ ಹೆಸರು ಬರೋಬ್ಬರಿ ಐತಿ’ ಎಂದು ಕೈ ಮುಗಿದಳು.

ಭಾನುವಾರ ಬೆಳಿಗ್ಗೆ ಕುರುಗೋಡು. ದೊಡ್ಡಬಸವೇಶ್ವರನಿಗೆ ನಮಸ್ಕಾರ ಹಾಕಿ ಹೊಲಕ್ಕೆ ಹೋಗುವಷ್ಟರಲ್ಲಿ ಬಿಸಿಲೇರಿತ್ತು. ಭಾವಮೈದ ಬೆನ್ನಿಗೆ ಹಾಕಿಕೊಳ್ಳುವ ಸ್ಪ್ರೇ ಡಬ್ಬಿಯನ್ನು ತೊಳೆದು ಬದುವಿನ ಮೇಲೆ ಇಟ್ಟಿದ್ದ. ಎರೆ ಭೂಮಿಯ ಹತ್ತಿ ಅಲ್ಲಲ್ಲಿ ಒಡೆದು ಬೆಳ್ಳಗೆ ಕಾಣುತ್ತಿತ್ತು. ಒಡೆದ ಕಾಯಿಗಳ ಮೇಲೆ ಕೆಂಪು ಹುಳಗಳ ಸಂತೆಯೇ ನೆರೆದಿತ್ತು.

‘ಇವೇ ನೋಡ್ರಿ ಭಾವ!’

ಮೊಮ್ಮಗಳು ಭೂತಗನ್ನಡಿ ಹಿಡಿದು ಬಗ್ಗಿದಳು. ಕೈ ಹಚ್ಚಬಾರದೆಂದು ಮೊದಲೇ ಹೇಳಿದ್ದೆ. ಬೇಟೆಗಾರ ತಿಗಣೆಗಳು ತಾವಾಗಿ ಮನುಷ್ಯರ ಮೇಲೆ ಬರುವುದಿಲ್ಲ, ಆದರೆ ಹಿಡಿದರೆ ಚುಚ್ಚುತ್ತವೆ. ಚೇಳಿನ ಹಾಗೆ ಉರಿಯಿತು ಎನ್ನುವವರಿದ್ದಾರೆ. ಚುಚ್ಚಿದರೆ ಸೋಪಿನಿಂದ ತೊಳೆಯಬೇಕು, ಬಾವು ಹೆಚ್ಚಿದರೆ ಡಾಕ್ಟರ ಹತ್ತಿರ ಹೋಗಬೇಕು.

‘ತಾತ, ಇದರ ಕೊಕ್ಕು ಸೂಜಿ ಇದ್ದಂಗ ಐತಿ. ಎದಿಗೆ ಒರಗೈತಿ. ಕತ್ತು ಇಲ್ಲ.’

ಅವು ಕೆಂಪು ಹತ್ತಿ ತಿಗಣೆಗಳು. ಬೀಜದ ರಸ ಹೀರಿ ಅರಳೆಗೆ ಕಲೆ ಮಾಡುವಂಥವು. ಸಂತೆ ಸೇರುವುದೇ ಅವುಗಳ ಗುಣ. ಸಂದೇಶದ ಹುಳವನ್ನು ಹುಡುಕುತ್ತ ನಾಲ್ಕು ಸಾಲು ನಡೆದೆವು. ಐದನೆಯ ಸಾಲಿನಲ್ಲಿ ಒಂದು ಎಲೆಯ ಮೇಲೆ ಅದು ಒಂಟಿಯಾಗಿ ಕುಳಿತಿತ್ತು. ಕಪ್ಪು-ಕೆಂಪು ಮೈ, ಉದ್ದನೆಯ ತಲೆ, ಸಣ್ಣ ಕತ್ತು. ಕೊಕ್ಕೆಯ ತುದಿಗೆ ಹತ್ತಿಯ ಎಲೆ ತಿನ್ನುವ ಒಂದು ಹಸಿರು ಹುಳ ಜೋತು ಬಿದ್ದಿತ್ತು. ನಾವು ನಾಲ್ವರೂ ಉಸಿರು ಬಿಗಿಹಿಡಿದು ನೋಡಿದೆವು. ಹೀರಿ ಹೀರಿ ಹಸಿರು ಹುಳ ಸೊರಗಿ ಖಾಲಿ ಚೀಲವಾಯಿತು.

ಪುಸ್ತಕದ ಚಿತ್ರದೊಂದಿಗೆ ಹೋಲಿಸಿದರೆ ಅದು ರೈನೊಕೋರಿಸ್ ಗುಂಪಿನದು. ಗ್ರೀಕಿನಲ್ಲಿ ಆ ಪದಕ್ಕೆ ಮೂಗಿನ ತಿಗಣೆ ಎಂದು ಅರ್ಥ. ಈ ಗುಂಪಿನ ರೈನೊಕೋರಿಸ್ ಮಾರ್ಜಿನೇಟಸ್ ನಮ್ಮ ದೇಶದ ಹತ್ತಿ, ಶೇಂಗಾ ಹೊಲಗಳಲ್ಲಿ ಕಾಯಿಕೊರಕ, ಎಲೆ ತಿನ್ನುವ ಹುಳಗಳನ್ನು ಹಿಡಿಯುವ ಬೇಟೆಗಾರ. ಹಾಗೆಂದು ಇದನ್ನು ಸಾಧು ಎನ್ನಲಾಗದು. ಕೈಗೆ ಸಿಕ್ಕಿದರೆ ಜೇನುನೊಣವನ್ನೂ ಬಿಡುವುದಿಲ್ಲ. ಬೇಟೆಗಾರನಿಗೆ ನಮ್ಮ ಲಾಭನಷ್ಟದ ಲೆಕ್ಕ ತಿಳಿಯದು.

‘ಹತ್ತಿಗೆ ಬಂದ ಹುಳಾನ ತಿಂತದ. ಅದಕ್ಕ ನಾ ಎಣ್ಣಿ ಹೊಡ್ಯಾಕ ನಿಂತಿದ್ನೆಲ್ಲ, ಭಾವ’ ಎಂದು ಭಾವಮೈದ ಡಬ್ಬಿಯತ್ತ ನೋಡಿದ. ಎಣ್ಣೆಗೆ ಕೊಕ್ಕು ನೋಡುವ ಕಣ್ಣಿಲ್ಲ. ಸಂತೆಯೂ ಸಾಯುತ್ತದೆ, ಒಂಟಿಯೂ ಸಾಯುತ್ತದೆ. ಮರಳಿ ಬರುವಾಗ ಬೆಳೆ ತಿನ್ನುವವು ಬೇಗ ಬಂದುಬಿಡುತ್ತವೆ, ಅವನ್ನು ತಿನ್ನುವವು ನಿಧಾನ. ನಡುವಿನ ದಿನಗಳಲ್ಲಿ ಹೊಲಕ್ಕೆ ಕಾವಲಿಲ್ಲ.

ಆ ಭಾನುವಾರ ಎಣ್ಣೆ ಹೊಡೆಯಲಿಲ್ಲ. ಒಡೆದ ಹತ್ತಿಯನ್ನು ಬೇಗ ಬಿಡಿಸಿಕೊಂಡು, ಕೆಂಪು ಹತ್ತಿ ತಿಗಣೆಗಳನ್ನು ಸೀಮೆಎಣ್ಣೆ ಬೆರೆಸಿದ ನೀರಿನ ಬಕೆಟ್ಟಿಗೆ ಝಾಡಿಸಿದರು. ಬಿಡಿಸುವ ಹೆಣ್ಣುಮಕ್ಕಳಿಗೆ ಮೊಮ್ಮಗಳೇ ಭೂತಗನ್ನಡಿ ಕೊಟ್ಟು ಎರಡೂ ಹುಳಗಳನ್ನು ತೋರಿಸಿದಳು. ‘ರೆಡುವಿಯಿಡೀ’ ಎಂದು ಹೇಳಿಕೊಟ್ಟಳು. ಅವರು ನಗುತ್ತ ಎರಡು ಸಲ ಅಂದು ನೋಡಿ ಕೈಬಿಟ್ಟರು. ಅವರಲ್ಲೇ ಹಿರಿಯಳೊಬ್ಬಳು, ‘ಕೊಕ್ಕಿಮೂತಿ ಹುಳ ಅನ್ನವಾ, ಸಾಕು’ ಎಂದಳು.

ಹದಿನೈದು ದಿನದ ಮೇಲೆ ಭಾವಮೈದ ಮತ್ತೆ ಫೋನ್ ಮಾಡಿದ್ದ. ಕಾಲುವೆ ಕಡೆಯ ತುಂಡಿನಲ್ಲಿ ಎಲೆ ತಿನ್ನುವ ಹುಳ ಬಹಳವಾಗಿ, ಅಲ್ಲಿಗೆ ಮಾತ್ರ ಒಂದು ಸಲ ಎಣ್ಣೆ ಹೊಡೆಯಬೇಕಾಯಿತಂತೆ. ಉಳಿದ ಹೊಲಕ್ಕೆ ಹೊಡೆದಿಲ್ಲ. ಈಗ ಬೆಳಿಗ್ಗೆ ಸಾಲಿಗೆ ಇಳಿದರೆ ಹತ್ತಿ ನೋಡುವ ಮೊದಲು ಎಲೆಯ ಮೇಲೆ ಒಂಟಿ ಕುಳಿತವರನ್ನು ಎಣಿಸುತ್ತಾನೆ. ‘ನಿನ್ನೆ ಏಳು ಕೊಕ್ಕಿಮೂತಿ ಕಂಡವು ಭಾವ. ನನ್ನ ಸೊಸಿಗೆ ಹೇಳ್ರಿ’ ಎಂದ. ಮೊಮ್ಮಗಳು ತನ್ನ ಪಟ್ಟಿಯಲ್ಲಿ ತಾರೀಖು ಹಾಕಿ ಬರೆದುಕೊಂಡಳು. ಮೇಲಿನ ಸಾಲಿನಲ್ಲಿ ರೆಡುವಿಯಿಡೀ, ಅದರ ಕೆಳಗೆ ರೈನೊಕೋರಿಸ್, ಅದರ ಕೆಳಗೆ ಕೊಕ್ಕಿಮೂತಿ ಹುಳ, ಕುರುಗೋಡು, ಏಳು.